ನಲವತ್ತಕ್ಕೇ ಅಜ್ಜಿಯಾದವಳು

ಪುಟ್ಟೀ, ಮುದುಕಿಯ ಪಾತ್ರಕ್ಕಾಗಿ ಗಟ್ಟಿ ಹಲ್ಲುಗಳನ್ನೇ ಕೀಳಿಸಿಕೊಂಡ ನಟಿಯ ವಿಷಯ ಕೇಳಿದ್ದೀಯಾ? ಮೆಕ್ಸಿಕೋದ ಸಾರಾ ಗಾರ್ಸಿಯಾ. ಆಗ ಆಕೆಗೆ ನಲವತ್ತರ ಆಸುಪಾಸು. ಬಾಯಿ ತುಂಬ ಹಲ್ಲಿದ್ದರೆ ಕೆನ್ನೆ ಒಳಕ್ಕೆ ಹೋಗುವುದಿಲ್ಲ, ತುಟಿ ಮಡಚಿಕೊಳ್ಳುವುದಿಲ್ಲ, ಮಾತು ಮುದುಕಿಯ ಮಾತಾಗುವುದಿಲ್ಲ ಎಂದು 14 ಹಲ್ಲು ತೆಗೆಸಿದಳು. ತಲೆಗೆ ಬಿಳಿ ವಿಗ್ಗು ಹಾಕಿಕೊಂಡು ಬಂದು ನಿಂತಳು. ಪಾತ್ರ ಸಿಕ್ಕಿತು. ಅಲ್ಲಿಂದ ಮುಂದೆ ಸಾಯುವ ತನಕ ಆಕೆ ಇಡೀ ದೇಶಕ್ಕೇ ಅಜ್ಜಿ. 'ಮೆಕ್ಸಿಕೋದ ಅಜ್ಜಿ' ಎಂದೇ ಜನ ಕರೆದರು. ಇವತ್ತಿಗೂ ಹಾಗೇ ಕರೆಯುತ್ತಾರೆ.

ನಿನ್ನ ಫೋನು ಬಂದಾಗಿನಿಂದ ನನಗೆ ಆಕೆಯದೇ ಯೋಚನೆ. "ಇಪ್ಪತ್ತೆಂಟಕ್ಕೇ ತಾಯಿ ಪಾತ್ರಾನಾ ಅತ್ತೆ? ಅದೂ ನನಗಿಂತ ದೊಡ್ಡವನಿಗೆ ತಾಯಿ!" ಅಂತ ಗೋಳಾಡಿದೆಯಲ್ಲ. ಬೇಡ ಅಂದರೆ ಆ ಸೀರಿಯಲ್‌ನವರು ಮತ್ತೆ ಕರೆಯುವುದಿಲ್ಲ ಅಂತ ಒಂದು ಭಯ, ಹೂಂ ಅಂದರೆ ನಾಯಕಿಯ ಪಾತ್ರ ಇನ್ನು ಈ ಜನ್ಮದಲ್ಲಿ ಸಿಗುವುದಿಲ್ಲ ಅಂತ ಇನ್ನೊಂದು. ಎರಡೂ ಸುಳ್ಳು ಭಯ ಅಂತ ಸಮಾಧಾನ ಹೇಳಲಾರೆ. ಎರಡೂ ನಿಜವೇ. ಹೂಂ ಅನ್ನಬೇಕೋ ಬೇಡವೋ ಅಂತಲೂ ನಾನು ಹೇಳುವುದಿಲ್ಲ, ಅದು ನಿನಗೆ ಬಿಟ್ಟದ್ದು. ಒಂದು ಮಾತು ಮಾತ್ರ ತಲೆಗೆ ಹಾಕಿಕೋ: ತಾಯಿ ಪಾತ್ರಕ್ಕೆ ಹೋದವಳು ಚಿಕ್ಕವಳಾಗುವುದಿಲ್ಲ, ಆದರೆ ಆ ಪಾತ್ರವನ್ನು ಚಿಕ್ಕದು ಅಂದುಕೊಂಡು ಹೋದವಳು ಖಂಡಿತ ಚಿಕ್ಕವಳಾಗುತ್ತಾಳೆ. ಸಾರಾ ಗಾರ್ಸಿಯಾಳನ್ನು ನೋಡುತ್ತ ನೋಡುತ್ತ ನನಗೆ ಇದು ಗಟ್ಟಿಯಾಗಿದ್ದು. ಹಾಗಂತ ಹಲ್ಲು ಕೀಳಿಸಿಕೋ ಅಂತ ಮಾತ್ರ ಹೇಳುತ್ತಿಲ್ಲ ಕಣೇ! ಪಾತ್ರಕ್ಕೆ ಮೈಯನ್ನು ಬಗ್ಗಿಸಬೇಕು, ಮೈಯನ್ನೇ ಬಲಿ ಕೊಡಬಾರದು. ಆಕೆಯ ಕಾಲದಲ್ಲಿ ಮೇಕಪ್ಪಿನವರ ಕೈಯಲ್ಲಿ ಇದ್ದದ್ದು ಅಷ್ಟಕ್ಕಷ್ಟೇ. ಇವತ್ತು ಬಾಯಿಯೊಳಗೆ ಕೂರುವ ಅಚ್ಚು ಮಾಡಿಕೊಡುತ್ತಾರೆ. ಹಲ್ಲಿನ ಕತೆಯಲ್ಲಿ ನೀನು ಗಮನಿಸಬೇಕಾದ್ದು ರಕ್ತವನ್ನಲ್ಲ, ಲೆಕ್ಕಾಚಾರವನ್ನು. ಸುಕ್ಕು ಬರೆದುಕೊಂಡರೆ ಮುಖ ಮುದಿಯಾಗಬಹುದು, ಮಾತು ಆಗುವುದಿಲ್ಲ ಎಂದು ಆಕೆಗೆ ಗೊತ್ತಿತ್ತು. ನಮ್ಮ ಹವ್ಯಾಸಿ ತಂಡದಲ್ಲಿ ನನಗೂ ತಾಯಿ ಪಾತ್ರಗಳೇ ಬರುತ್ತಿದ್ದವು. ಕಿವಿಯ ಮೇಲೆ ಒಂದಿಷ್ಟು ಬಿಳಿ ಬಣ್ಣ, ಹಣೆಗೆ ಮೂರು ಗೀಟು, ಸೊಂಟದ ಮೇಲೆ ಕೈ, ಒಂದೆರಡು ಕೆಮ್ಮು, ಮುದುಕಿ ತಯಾರು! ಕೊನೆಯ ಸಾಲಿನಲ್ಲಿ ಕೂತವರಿಗೆ ಅಷ್ಟೇ ಸಾಕಾಗುತ್ತಿತ್ತು. ಕ್ಯಾಮೆರಾ ಮೂರಡಿ ದೂರದಲ್ಲಿ ಇರುತ್ತದೆ, ಅದು ಇಂಥದ್ದಕ್ಕೆಲ್ಲ ಬಗ್ಗುವುದಿಲ್ಲ.

ಆಕೆ ಹುಟ್ಟಿದ್ದು 1895ರಲ್ಲಿ, ವೆರಾಕ್ರೂಜ್ ಪ್ರಾಂತ್ಯದ ಒರಿಝಾಬಾದಲ್ಲಿ. ತಂದೆ ತಾಯಿ ಸ್ಪೇನಿನಿಂದ ಬಂದವರು. ಚಿಕ್ಕಂದಿನಲ್ಲೇ ಇಬ್ಬರನ್ನೂ ಕಳೆದುಕೊಂಡಳು. ಬೆಳೆದದ್ದು ಮೆಕ್ಸಿಕೋ ನಗರದ ವಿಸ್ಕಾಯಿನಾಸ್ ಎಂಬ ಹಳೆಯ ಶಾಲೆಯಲ್ಲಿ. ಹದಿನೆಂಟನೆಯ ಶತಮಾನದಲ್ಲಿ ಬಾಸ್ಕ್ ಜನ ಹೆಣ್ಣುಮಕ್ಕಳಿಗಾಗಿ, ವಿಧವೆಯರಿಗಾಗಿ ಕಟ್ಟಿಸಿದ ಕೋಟೆಯಂಥ ಕಟ್ಟಡ ಅದು. ಅಲ್ಲೇ ಓದಿ, ಅಲ್ಲೇ ಚಿತ್ರಕಲೆಯ ಮೇಡಂ ಆದಳು. ಹಾಗೇ ಇದ್ದಿದ್ದರೆ ಪೆನ್ಸಿಲು ಹಿಡಿಸುತ್ತಲೇ ಮುದುಕಿಯಾಗುತ್ತಿದ್ದಳೋ ಏನೋ. 1917ರಲ್ಲಿ ಅಸ್ತೇಕಾ ಫಿಲ್ಮ್ಸ್ ಎಂಬ ಹೊಸ ಕಂಪನಿ ಸಿನಿಮಾ ತೆಗೆಯುತ್ತಿದೆ ಅಂತ ಕುತೂಹಲಕ್ಕೆ ನೋಡಲು ಹೋದವಳು ಒಂದು ಚಿಕ್ಕ ಪಾತ್ರ ಸಿಕ್ಕಿ ಅಲ್ಲೇ ನಿಂತಳು. 'ಎನ್ ದೆಫೆನ್ಸಾ ಪ್ರೋಪಿಯಾ' ಎಂಬ ಮೂಕಿಚಿತ್ರ ಅದು.

ಇಲ್ಲಿ ಇನ್ನೊಬ್ಬಳ ಹೆಸರು ಹೇಳದೆ ಮುಂದಕ್ಕೆ ಹೋಗಲು ಮನಸ್ಸು ಬರುವುದಿಲ್ಲ. ಆ ಕಂಪನಿಯನ್ನು ಎನ್ರಿಕೆ ರೋಸಾಸ್ ಎಂಬಾತನ ಜೊತೆ ಕಟ್ಟಿದವಳು ಮಿಮಿ ದೆರ್ಬಾ. ಹಾಡುವ ನಟಿ, ಕತೆ ಬರೆಯುವವಳು, ನಿರ್ಮಾಪಕಿ. ಮೆಕ್ಸಿಕೋದಲ್ಲಿ ಸಿನಿಮಾ ನಿರ್ದೇಶಿಸಿದ ಮೊದಲ ಹೆಂಗಸು ಎಂಬ ಹೆಸರೂ ಆಕೆಗೇ. ಕಂಪನಿ ಹೆಚ್ಚು ದಿನ ಬಾಳಲಿಲ್ಲ. 1932ರಲ್ಲಿ ಮಾತಿನ ಚಿತ್ರ 'ಸಾಂತಾ' ಬಂತಲ್ಲ, ಅದರಲ್ಲಿ ಮಿಮಿ ವೇಶ್ಯಾಗೃಹದ ಯಜಮಾನಿ. ಆಮೇಲೆ 'ಸಲೋನ್ ಮೆಹಿಕೋ'ದಲ್ಲಿ ಹಾಸ್ಟೆಲ್ ಶಾಲೆಯ ಮುಖ್ಯೋಪಾಧ್ಯಾಯಿನಿ. ಒಂದು ಕಾಲಕ್ಕೆ ಕಂಪನಿಗೇ ಒಡತಿ, ಆಮೇಲೆ ನಾಲ್ಕು ದೃಶ್ಯಗಳ ಪೋಷಕ ನಟಿ. ಆ ನಾಲ್ಕು ದೃಶ್ಯಗಳಲ್ಲಿ ಆಕೆ ಎಲ್ಲಾದರೂ ಕುಗ್ಗಿದ್ದಾಳಾ ನೋಡು. ಬೆನ್ನು ನೆಟ್ಟಗೇ ಇದೆ.

ಸಾರಾ ಅಲ್ಲಿಂದ ನಾಟಕಕ್ಕೆ ಹೋದಳು. ಮರ್ಸೆಡೆಸ್ ನವಾರೋ ಎಂಬಾಕೆಯ ಕಂಪನಿಯಲ್ಲಿ ಊರೂರು ಸುತ್ತಿದಳು. ಅಲ್ಲಿಯ ನಟನೊಬ್ಬನನ್ನೇ ಮದುವೆಯಾದಳು, ಮಗಳೊಬ್ಬಳು ಹುಟ್ಟಿದಳು, ಸಂಸಾರ ಮುರಿಯಿತು. ಮುಂದೆ ಆ ಗಂಡ ಕಾಯಿಲೆ ಬಿದ್ದಾಗ ಆಕೆಯೇ ನೋಡಿಕೊಂಡಳು. ಮಗುವನ್ನು ಸಾಕುವುದಕ್ಕೆ, ಬದುಕಿನ ಗಾಡಿ ಎಳೆಯುವುದಕ್ಕೆ ರಂಗವೇ ದಾರಿಯಾಯಿತು. ಈ ವರ್ಷಗಳ ಬಗ್ಗೆ ಬರೆದವರು ಕಡಿಮೆ. ನನ್ನ ಪ್ರಕಾರ ಆಕೆಯ ಆಸ್ತಿಯೆಲ್ಲ ಕೂಡಿದ್ದು ಇಲ್ಲೇ. ಮಾತಿನ ಸಿನಿಮಾ ಬಂದಾಗ ಮೂಕಿಯಲ್ಲಿ ಮುಖ ಮಾತ್ರ ಇದ್ದವರು ಒದ್ದಾಡಿದರು. ರಂಗದ ಮೇಲೆ ಗಂಟಲು ಪಳಗಿಸಿಕೊಂಡಿದ್ದ ಇಂಥವರಿಗೆ ಬಾಗಿಲು ತೆರೆಯಿತು. ನೀನು ಎರಡು ವರ್ಷ ಬೀದಿನಾಟಕ ಮಾಡಿದ್ದನ್ನು 'ವೇಸ್ಟು' ಅಂದೆಯಲ್ಲ, ಇನ್ನೊಂದು ಸಲ ಯೋಚನೆ ಮಾಡು.

ಇನ್ನು ಆ ಕಾಲದ ಗಾಳಿ ಯಾವ ಕಡೆಗೆ ಬೀಸುತ್ತಿತ್ತು ಅಂತಲೂ ತಿಳಿದುಕೋ. ನಟಿ ಎಷ್ಟೇ ದೊಡ್ಡವಳಿರಲಿ, ಗಾಳಿ ಇಲ್ಲದೆ ಪಟ ಏರುವುದಿಲ್ಲ. 1936ರಲ್ಲಿ ಫೆರ್ನಾಂದೋ ದೆ ಫುಯೆಂತೆಸ್ ತೆಗೆದ 'ಅಯ್ಯಾ ಎನ್ ಎಲ್ ರಾಂಚೋ ಗ್ರಾಂದೆ' ಎಂಬ ಹಾಡು, ಕುದುರೆ, ಹಳ್ಳಿಯ ಚಿತ್ರ ಸ್ಪ್ಯಾನಿಷ್ ಮಾತಾಡುವ ದೇಶಗಳಲ್ಲೆಲ್ಲ ಓಡಿತು. ಸ್ಪೇನಿನಲ್ಲಿ ಅದೇ ವರ್ಷ ಅಂತರ್ಯುದ್ಧ ಶುರುವಾಗಿ ಅಲ್ಲಿಯ ಸಿನಿಮಾ ನೆಲ ಕಚ್ಚಿತು. ಎರಡನೆಯ ಮಹಾಯುದ್ಧದಲ್ಲಿ ಅರ್ಜೆಂಟೀನಾ ತಟಸ್ಥ ನಿಂತದ್ದಕ್ಕೆ ಅಮೆರಿಕ ಅಲ್ಲಿಗೆ ಕಚ್ಚಾ ಫಿಲ್ಮು ಕಳಿಸುವುದನ್ನು ಬಿಗಿ ಮಾಡಿತು. 1942ರಲ್ಲಿ ಮಿತ್ರಪಕ್ಷ ಸೇರಿದ ಮೆಕ್ಸಿಕೋಗೆ ಫಿಲ್ಮೂ ಬಂತು, ಯಂತ್ರಗಳೂ ಬಂದವು, ಹಣವೂ ಬಂತು. ಹೀಗೆ ಹುಟ್ಟಿದ್ದು ಅವರು 'ಸುವರ್ಣಯುಗ' ಅನ್ನುವ ಕಾಲ. ಒಂದರ ಹಿಂದೆ ಒಂದು ಚಿತ್ರ ತಯಾರಾಗತೊಡಗಿದಾಗ ಪ್ರತಿ ಚಿತ್ರಕ್ಕೂ ಒಬ್ಬ ತಾಯಿ, ಒಬ್ಬ ಪಾದ್ರಿ, ಒಬ್ಬ ಕುಡುಕ, ಒಬ್ಬ ಕೇಡಿ ಬೇಕೇ ಬೇಕಾಯಿತು. ಪೋಷಕ ನಟರಿಗೆ ವರ್ಷವಿಡೀ ಕೆಲಸ.

ತಾಯಿಗೆ ಮಾತ್ರ ಇನ್ನೂ ಒಂದು ಹೆಚ್ಚಿನ ಬೇಡಿಕೆ ಇತ್ತು. ಮೇ 10ರಂದು ಅವರ ತಾಯಂದಿರ ದಿನ. ಅದನ್ನು ಶುರು ಮಾಡಿಸಿದ್ದು 1922ರಲ್ಲಿ 'ಎಕ್ಸೆಲ್ಸಿಯೋರ್' ಪತ್ರಿಕೆ, ರಫಾಯೆಲ್ ಅಲ್ದುಸಿನ್ ಎಂಬ ಅದರ ಸ್ಥಾಪಕ. ಆ ಹೊತ್ತಿಗೆ ಯುಕತಾನ್ ಪ್ರಾಂತ್ಯದಲ್ಲಿ ಹೆಂಗಸರ ಹಕ್ಕು, ಸಂತಾನ ನಿಯಂತ್ರಣ ಅಂತ ಚಳವಳಿ ಎದ್ದಿತ್ತು. ಅದಕ್ಕೆ ಎದುರಾಗಿ 'ತಾಯಿಯೇ ದೇವರು' ಎಂದು ಸಾರುವುದಕ್ಕೆ ಈ ಹಬ್ಬ. ತಾಯಿಯನ್ನು ಪೀಠದ ಮೇಲೆ ಕೂರಿಸಿದವರಿಗೆ ಅವಳು ಪೀಠದಿಂದ ಇಳಿದು ಓಡಾಡುವುದು ಬೇಕಿರಲಿಲ್ಲ, ತಿಳೀತಾ? ಸಿನಿಮಾ ಈ ಭಾವನೆಯನ್ನು ಎರಡೂ ಕೈಯಿಂದ ಬಾಚಿಕೊಂಡಿತು. ಸಾರಾ ಕಣ್ಣೀರು ಒರೆಸಿಕೊಂಡರೆ ಥಿಯೇಟರಿನಲ್ಲಿ ಕರವಸ್ತ್ರಗಳು ಹೊರಗೆ ಬರುತ್ತಿದ್ದವು. ನಿನ್ನನ್ನು ತಾಯಿಯಾಗಿ ಕರೆದವರೂ ಯಾವುದೋ ಒಂದು ಪೀಠ ತಯಾರು ಮಾಡಿಟ್ಟುಕೊಂಡೇ ಕರೆದಿರುತ್ತಾರೆ. ಅದರ ಎತ್ತರ ಎಷ್ಟು, ಮೆಟ್ಟಿಲು ಇದೆಯೋ ಇಲ್ಲವೋ ಅಂತ ನೋಡಿಕೊಂಡು ಹತ್ತು.

1941ರ 'ಕುವಾಂದೋ ಲೋಸ್ ಈಹೋಸ್ ಸೆ ವಾನ್' ಆಕೆಯನ್ನು ತಾಯಿಯಾಗಿ ನಿಲ್ಲಿಸಿದ ಚಿತ್ರ. ಮಕ್ಕಳು ಮನೆ ಬಿಟ್ಟು ಹೋಗುವ ಕತೆ, ನಿರ್ದೇಶಕ ಹುವಾನ್ ಬುಸ್ತಿಯೋ ಓರೋ. ಮಾಡದ ತಪ್ಪಿಗೆ ಒಬ್ಬ ಮಗನನ್ನು ಅಪ್ಪ ಹೊರಗೆ ಹಾಕುತ್ತಾನೆ. ತಾಯಿ ಒಬ್ಬಳೇ ಅವನನ್ನು ನಂಬುತ್ತಾಳೆ. ಅಪ್ಪನಾಗಿ ಫೆರ್ನಾಂದೋ ಸೋಲೆರ್. ಸೋಲೆರ್ ಅಣ್ಣತಮ್ಮಂದಿರು ನಾಲ್ವರು, ಫೆರ್ನಾಂದೋ, ಆಂದ್ರೆಸ್, ದೊಮಿಂಗೋ, ಹುಲಿಯಾನ್. ನಾಲ್ವರೂ ನಟರು. ಆ ಕಾಲದ ಮೆಕ್ಸಿಕನ್ ಚಿತ್ರದಲ್ಲಿ ಯಾರಾದರೊಬ್ಬ ಸೋಲೆರ್ ಇಲ್ಲದಿದ್ದರೆ ಏನೋ ಕೊರತೆ ಅನ್ನಿಸುತ್ತದೆ. ಫೆರ್ನಾಂದೋ ಸೋಲೆರ್ ಸಾರಾಗಿಂತ ಒಂದೇ ವರ್ಷ ಚಿಕ್ಕವನು. ಆತನೂ ಮುದುಕನಾಗಿದ್ದ, ಆತನೂ ಸುಕ್ಕು ಬರೆಸಿಕೊಂಡಿದ್ದ. ಆದರೆ ಆತನಿಗೆ ಹಾಸ್ಯ ನಾಯಕನ ಪಾತ್ರ, ದೊಡ್ಡ ಮನುಷ್ಯರ ಪಾತ್ರ, ರಸಿಕರ ಪಾತ್ರ ಎಲ್ಲ ಬರುತ್ತಲೇ ಇದ್ದವು. ಆಕೆಗೆ ತಾಯಿ, ಅಜ್ಜಿ, ಸೋದರತ್ತೆ. ಗಂಡು ಮುದುಕರಿಗೆ ಹತ್ತು ಬಾಗಿಲು, ಹೆಣ್ಣಿಗೆ ಎರಡೂವರೆ. ನಿನ್ನ ಸಿಟ್ಟು ಇದೇ ಆಗಿದ್ದರೆ ಅದರಲ್ಲಿ ನಾನೂ ಪಾಲುದಾರಳು. ಸಿಟ್ಟನ್ನು ಬಿಡಬೇಡ, ಕೆಲಸಕ್ಕೆ ಹೋಗುವಾಗ ಜೊತೆಗೆ ತೆಗೆದುಕೊಂಡು ಹೋಗು.

ಆ ಚಿತ್ರದ ಹಿಂದಿನ ವರ್ಷ, 1940ರಲ್ಲಿ, ಆಕೆಯ ಒಬ್ಬಳೇ ಮಗಳು ಮರಿಯಾ ಫೆರ್ನಾಂದಾ ಜ್ವರದಲ್ಲಿ ತೀರಿಕೊಂಡಿದ್ದಳು. ಇಪ್ಪತ್ತು ವರ್ಷದ ಹುಡುಗಿ. ಅವಳೂ ಸಿನಿಮಾದಲ್ಲಿ ಪಾತ್ರ ಮಾಡಲು ಶುರು ಮಾಡಿದ್ದವಳು. ಇದನ್ನು ಓದಿದವರೆಲ್ಲ "ಆ ದುಃಖವೇ ತೆರೆಯ ಮೇಲೆ ಬಂದದ್ದು" ಅಂತ ಷರಾ ಬರೆಯುತ್ತಾರೆ. ನಾನು ಅದನ್ನು ಒಪ್ಪುವುದಿಲ್ಲ. ಸಾವು ನಟನೆ ಕಲಿಸುವುದಿಲ್ಲ. ಮಗಳು ಸತ್ತ ತಾಯಂದಿರೆಲ್ಲ ನಟಿಯರಾಗಿದ್ದಾರಾ? ತೆರೆಯ ಮೇಲೆ ಕಾಣುವುದು ಹಿಂದಿನ ಇಪ್ಪತ್ತು ಇಪ್ಪತ್ತೆರಡು ವರ್ಷದ ರಂಗದ ಕಸುಬು. ದುಃಖ ಇದ್ದೇ ಇತ್ತು, ಅದು ಆಕೆಯ ಸ್ವಂತದ್ದು. ನಿಮ್ಮ ಕಾರ್ಯಾಗಾರಗಳಲ್ಲಿ "ನಿನ್ನ ಜೀವನದ ಅತ್ಯಂತ ನೋವಿನ ಘಟನೆ ನೆನಪು ಮಾಡಿಕೊಂಡು ಅಳು" ಅಂತ ಹೇಳಿಕೊಡುತ್ತಾರಂತೆ. ಒಂದು ಸಲ ಬರುತ್ತದೆ ಅಳು, ಎರಡನೆಯ ಸಲವೂ ಬರುತ್ತದೆ. ಸೀರಿಯಲ್‌ನಲ್ಲಿ ದಿನಕ್ಕೆ ಮೂರು ಸಲ ಅಳಿಸುತ್ತಾರೆ ಪುಟ್ಟೀ, ಎಷ್ಟು ಜನ ಸತ್ತವರನ್ನು ಕರೆತರುತ್ತೀಯ? ತೀರಿಹೋದ ನಮ್ಮಮ್ಮನನ್ನು ಶೂಟಿಂಗಿಗೆ ಎಳೆದೊಯ್ಯಬೇಡ. ಅವಳು ಮನೆಯಲ್ಲೇ ಇರಲಿ.

ಆಕೆ ಬರೀ ಅಳುತ್ತಲೇ ಕೂತಳು ಅಂತ ತಿಳಿಯಬೇಡ. 'ಕುವಾಂದೋ ಲೋಸ್ ಈಹೋಸ್' ಬಂದ ಮರುವರ್ಷವೇ ಹೊವಾಕಿನ್ ಪಾರ್ದಾವೆ ಜೊತೆ 'ಎಲ್ ಬೈಸಾನೋ ಹಲೀಲ್'. ಪಾರ್ದಾವೆ ಅಂದರೆ ನಟ, ನಿರ್ದೇಶಕ, ಮೇಲಾಗಿ ಹಾಡು ಕಟ್ಟುವವನು. ಒಂದು ದೇಹದಲ್ಲಿ ಮೂವರು. ಮೆಕ್ಸಿಕೋಗೆ ವಲಸೆ ಬಂದ ಲೆಬನಾನಿನ ಬಟ್ಟೆ ವ್ಯಾಪಾರಿಯಾಗಿ ಆತ, ಹೆಂಡತಿಯಾಗಿ ಸಾರಾ. 'ಪ' ಅನ್ನಲಾಗದೆ 'ಬ' ಅನ್ನುವ ಅರಬ್ಬೀ ನಾಲಗೆಯ ಸ್ಪ್ಯಾನಿಷ್ ಮಾತಾಡಿ ಇಬ್ಬರೂ ನಗಿಸುತ್ತಾರೆ. ಆ ನಗೆಯಲ್ಲಿ ಹೀಯಾಳಿಕೆ ಕಡಿಮೆ, ಅಕ್ಕರೆ ಹೆಚ್ಚು. ಸಾಲ ಕೊಟ್ಟು ಮರೆಯುವ ವಲಸಿಗ ಸಂಸಾರದ ಎದುರು ಹಳೆಯ ಮನೆತನದ ಜಂಬದವರೇ ಸಣ್ಣವರಾಗಿ ಕಾಣುತ್ತಾರೆ. ಪಾರ್ದಾವೆ ಮುಂದೆ 'ಎಲ್ ಬಾರ್ಚಾಂತೆ ನೆಗೀಬ್' ಅಂತ ಇನ್ನೊಂದು ತೆಗೆದಾಗಲೂ ಆಕೆಯೇ ಬೇಕಾಯಿತು. ಉಚ್ಚಾರದ ಕೆಲಸ ಹೇಗೆ ಮಾಡಿದ್ದಾಳೆ ಗಮನಿಸು. ಒಂದು ಜನಾಂಗದ ಮಾತನ್ನು ಅನುಕರಿಸುವಾಗ ಆಕೆ ಮೊದಲು ಆ ಹೆಂಗಸಿನ ಗೃಹಿಣಿಯ ಗತ್ತನ್ನು ಹಿಡಿಯುತ್ತಾಳೆ, ಉಚ್ಚಾರ ಅದರ ಹಿಂದೆ ತಾನಾಗಿ ಬರುತ್ತದೆ. ಉಚ್ಚಾರವನ್ನೇ ಮುಂದಿಟ್ಟುಕೊಂಡು ಹೊರಟರೆ ಅದು ಮಿಮಿಕ್ರಿ.

ಈಗ ನಾನು ಹೇಳಬೇಕೆಂದಿದ್ದ ಚಿತ್ರಕ್ಕೆ ಬಂದೆ. 1947ರ 'ಲೋಸ್ ತ್ರೆಸ್ ಗಾರ್ಸಿಯಾ', ಇಸ್ಮಾಯೆಲ್ ರೊದ್ರಿಗೆಸ್ ನಿರ್ದೇಶನ. ಒಬ್ಬಳು ಅಜ್ಜಿ, ದೋನ್ಯಾ ಲೂಯಿಸಾ. ಹುಟ್ಟಿದ ಮನೆಯೂ ಗಾರ್ಸಿಯಾ, ಸೇರಿದ ಮನೆಯೂ ಗಾರ್ಸಿಯಾ. ಅವಳಿಗೆ ಮೂವರು ಮೊಮ್ಮಕ್ಕಳು, ಒಬ್ಬರಿಗೊಬ್ಬರು ದಾಯಾದಿಗಳು, ಕಂಡರೆ ಕಾದಾಡುವವರು. ಒಬ್ಬ ಹೆಣ್ಣು ಹುಚ್ಚಿನ ಪೋಕರಿ, ಒಬ್ಬ ಬಡತನದ ಸ್ವಾಭಿಮಾನಿ, ಒಬ್ಬ ದುಡ್ಡು ಎಣಿಸುವವನು. ಪೆದ್ರೋ ಇನ್ಫಾಂತೆ, ಆಬೆಲ್ ಸಲಾಸಾರ್, ವಿಕ್ತೋರ್ ಮಾನುವೆಲ್ ಮೆಂದೋಸಾ. ಅಮೆರಿಕದಿಂದ ಬಂದ ಸೋದರ ಸಂಬಂಧಿ ಹುಡುಗಿಗೆ ಮೂವರೂ ಮನಸೋಲುತ್ತಾರೆ, ಅಲ್ಲಿಂದ ಜಗಳಕ್ಕೆ ಇನ್ನಷ್ಟು ಎಣ್ಣೆ.

ದೋನ್ಯಾ ಲೂಯಿಸಾ ಕೈಯಲ್ಲಿ ಊರುಗೋಲು, ಬಾಯಲ್ಲಿ ಚುಟ್ಟ. ಸೊಂಟದಲ್ಲಿ ಪಿಸ್ತೂಲು ಇಟ್ಟುಕೊಂಡ ಆರಡಿ ಗಂಡಸರು ಊರನ್ನೇ ನಡುಗಿಸುತ್ತಾರೆ, ಅಜ್ಜಿ ಕೋಲು ಎತ್ತಿದರೆ ತಲೆ ಬಗ್ಗಿಸಿ ಸಾಲಾಗಿ ನಿಲ್ಲುತ್ತಾರೆ. ಇನ್ಫಾಂತೆ ಆಗ ದೇಶದ ಕಣ್ಮಣಿಯಾಗುತ್ತಿದ್ದ ಗಾಯಕ ನಾಯಕ, ವಯಸ್ಸಿನಲ್ಲಿ ಸಾರಾಗಿಂತ 22 ವರ್ಷ ಚಿಕ್ಕವನು. ಮಗನಾಗಬಹುದಾದವನು ಮೊಮ್ಮಗನಾಗಿದ್ದಾನೆ. ಒಂದು ಕ್ಷಣವೂ ಅನುಮಾನ ಬರುವುದಿಲ್ಲ. ಯಾಕೆ ಗೊತ್ತಾ? ಆಕೆ ಮುದಿತನವನ್ನು ಅಭಿನಯಿಸುತ್ತಿಲ್ಲ, ಅಧಿಕಾರವನ್ನು ಅಭಿನಯಿಸುತ್ತಿದ್ದಾಳೆ. ನಡುಕ ಇಲ್ಲ, ಕೆಮ್ಮು ಇಲ್ಲ. ಆ ಊರುಗೋಲು ಊರಿಕೊಳ್ಳುವುದಕ್ಕಿಂತ ಹೊಡೆಯುವುದಕ್ಕೇ ಹೆಚ್ಚು ಬಳಕೆಯಾಗುತ್ತದೆ. ಈ ಮೂವರೂ ತನ್ನವರು, ತನ್ನ ಮಾತು ಮೀರುವವರಲ್ಲ ಎಂಬ ನಂಬಿಕೆ ಆಕೆಯ ಕತ್ತಿನಲ್ಲಿದೆ, ನಿಲ್ಲುವ ನಿಲುವಿನಲ್ಲಿದೆ. ಎದುರಿಗಿರುವವರು ಅದನ್ನು ನಂಬಿದ ಕೂಡಲೇ ನಾವೂ ನಂಬುತ್ತೇವೆ. ನೀನೂ ನಿನಗಿಂತ ದೊಡ್ಡವನಿಗೆ ತಾಯಿಯಾಗಬೇಕು ಅಂದೆಯಲ್ಲ, ಬಿಳಿ ಕೂದಲು ಎಷ್ಟು ಎಳೆ ಅಂತ ಯೋಚಿಸಬೇಡ. ಈ ಮನೆಯಲ್ಲಿ ಬೀಗದ ಕೈ ಯಾರ ಸೊಂಟದಲ್ಲಿದೆ, ಈ ಮಗ ಯಾವ ಮಾತಿಗೆ ಹೆದರುತ್ತಾನೆ, ಯಾವ ಮಾತಿಗೆ ಕರಗುತ್ತಾನೆ, ಅದನ್ನು ಯೋಚಿಸು. ಬರೆದವರು ಬರೆದಿರದಿದ್ದರೆ ನೀನೇ ಕೇಳು.

ಅದೇ ವರ್ಷ ಬಂದ ಎರಡನೆಯ ಭಾಗ 'ವುಯೆಲ್ವೆನ್ ಲೋಸ್ ಗಾರ್ಸಿಯಾ'ದಲ್ಲಿ ಅಜ್ಜಿ ಸಾಯುತ್ತಾಳೆ. ಆ ಮೇಲೆ ಇನ್ಫಾಂತೆ ಕುಡಿದು, ಬಿಕ್ಕಿ ಬಿಕ್ಕಿ ಅಳುತ್ತ ಆಕೆಗೆ ಪ್ರಿಯವಾಗಿದ್ದ ಹಾಡು ಹಾಡುತ್ತಾನಲ್ಲ, ಮೆಕ್ಸಿಕೋದವರು ತಲೆಮಾರುಗಳಿಂದ ಕಣ್ಣೊರೆಸಿಕೊಂಡು ನೋಡುವ ದೃಶ್ಯ ಅದು. ಆ ದೃಶ್ಯದಲ್ಲಿ ಸಾರಾ ಇಲ್ಲವೇ ಇಲ್ಲ. ಆದರೂ ಅದು ಆಕೆಯದೇ ದೃಶ್ಯ. ಎರಡು ಚಿತ್ರಗಳ ಉದ್ದಕ್ಕೂ ಆಕೆ ಆ ಹುಡುಗನಿಗೆ ಹೊಡೆದ ಕೋಲಿನ ಏಟೆಲ್ಲ ಅಲ್ಲಿ ಬಡ್ಡಿ ಸಮೇತ ವಾಪಸು ಬರುತ್ತದೆ. ಪೋಷಕ ಪಾತ್ರ ಅಂದರೆ ಏನು ಅಂತ ನನ್ನನ್ನು ಯಾರಾದರೂ ಕೇಳಿದರೆ ಇದನ್ನೇ ತೋರಿಸುತ್ತೇನೆ.

ಆಕೆಯ ಸುತ್ತ ಇದ್ದವರನ್ನೂ ನೋಡು. ಪ್ರೂದೆನ್ಸಿಯಾ ಗ್ರಿಫೆಲ್ ಅಂತ ಇನ್ನೊಬ್ಬ ಅಜ್ಜಿ, ಸಾರಾಗಿಂತಲೂ ಹಿರಿಯಳು, ಸ್ಪೇನಿನವಳು. ನಿರ್ಮಾಪಕರಿಗೆ ಅಜ್ಜಿ ಬೇಕೆಂದರೆ ಇಬ್ಬರಲ್ಲಿ ಒಬ್ಬರು. ಇಂಥವರು ಒಬ್ಬರ ಮುಖ ಒಬ್ಬರು ನೋಡುವುದಿಲ್ಲ ಅಂದುಕೊಳ್ಳುತ್ತೀಯ ಅಲ್ಲವಾ? ಇಬ್ಬರೂ ಜೋಡಿಯಾಗಿ ಮಾಡಿದ ಕೆಲಸವೇ ಆಕೆಯ ಒಳ್ಳೆಯ ಕೆಲಸಗಳಲ್ಲಿ ಕೆಲವು. 'ಲಾ ತೆರ್ಸೆರಾ ಪಲಾಬ್ರಾ'ದಲ್ಲಿ ಕಾಡುಮನುಷ್ಯನ ಹಾಗೆ ಬೆಳೆದ ಇನ್ಫಾಂತೆಗೆ ಸೋದರತ್ತೆಯರು. 1959ರ 'ಲಾಸ್ ಸೆನ್ಯೊರಿತಾಸ್ ವಿವಾಂಕೋ'ದಲ್ಲಿ ಇಬ್ಬರೂ ಹಳೆಯ ಮನೆತನದ ಅಕ್ಕತಂಗಿಯರು, ಕೈ ಬರಿದಾಗಿ ಕಳ್ಳತನಕ್ಕೆ ಇಳಿಯುತ್ತಾರೆ! ಕತೆಯಲ್ಲಿ ಎಲೆನಾ ಗಾರೋ ಕೈ ಇದೆ, ಮುಂದೆ ದೊಡ್ಡ ಕಾದಂಬರಿಕಾರ್ತಿಯಾದವಳು. ಯಾರೂ ಅನುಮಾನಿಸದ ಎರಡು ಮುದಿ ಮುಖಗಳು, ಅದೇ ಅವರ ಬಂಡವಾಳ. ಜನ ತಮ್ಮನ್ನು ದೇವತೆ ಅಂತ ನಂಬಿದ್ದನ್ನೇ ಬಳಸಿಕೊಂಡು ಜನರ ಜೇಬು ಕತ್ತರಿಸುವ ತಮಾಷೆ. ಪೀಠದ ಮೆಟ್ಟಿಲು ಆಕೆ ಇಳಿಯತೊಡಗಿದ್ದು ಇಲ್ಲಿಂದ ಅನ್ನಬಹುದು. ನಿನ್ನ ತಂಡದ ಇನ್ನೊಬ್ಬ ಹುಡುಗಿಗೂ ತಾಯಿ ಪಾತ್ರ ಬರುತ್ತಿದೆ ಅಂತ ನೀನೇ ಹೇಳಿದ್ದೆ. ಅವಳ ಜೊತೆ ಮಾತು ಬಿಡಬೇಡ.

ಕೇಡಿಗಳ ಸಾಲಿನಲ್ಲಿ ಮಿಗೆಲ್ ಇಂಕ್ಲಾನ್ ಇದ್ದ. 'ನೊಸೋತ್ರೋಸ್ ಲೋಸ್ ಪೋಬ್ರೆಸ್'ನಲ್ಲಿ ಗಾಂಜಾ ಚಟದ ದೋನ್ ಪಿಲಾರ್, ಎದ್ದೇಳಲಾಗದ ಲಕ್ವ ಹೊಡೆದ ಹೆಂಗಸನ್ನು ಹೊಡೆಯುವವನು. ನಿರ್ದೇಶಕ ಬುನ್ಯುಯೆಲ್‌ನ 'ಲೋಸ್ ಓಲ್ವಿದಾದೋಸ್'ನಲ್ಲಿ ಕುರುಡ ಭಿಕ್ಷುಕ, ಕುರುಡನನ್ನು ಕಂಡು ಕನಿಕರ ಪಡಬೇಕೆಂದರೂ ಬಿಡದ ಕ್ರೂರಿ. ಅದೇ ಮುಖ 'ಸಲೋನ್ ಮೆಹಿಕೋ'ದಲ್ಲಿ ಒಬ್ಬ ಬೀಟ್ ಪೊಲೀಸು. ಕ್ಯಾಬರೆಯಲ್ಲಿ ಕುಣಿದು ತಂಗಿಯನ್ನು ಓದಿಸುವ ಹೆಣ್ಣನ್ನು ಮರ್ಯಾದೆಯಿಂದ, ಏನೂ ಕೇಳದೆ ಪ್ರೀತಿಸುವವನು. ಹಾಲಿವುಡ್ಡಿನ ನಿರ್ದೇಶಕ ಜಾನ್ ಫೋರ್ಡ್ ಆತನನ್ನು ಕರೆದು 'ಫೋರ್ಟ್ ಅಪಾಚೆ'ಯಲ್ಲಿ ಕೋಚೀಸ್ ಎಂಬ ಅಪಾಚೆ ನಾಯಕನ ಪಾತ್ರ ಕೊಟ್ಟ. ಮುಖ ಬದಲಾಗಲಿಲ್ಲ, ಆ ಮೂಗು ಆ ದವಡೆ ಅದೇ. ಕೇಡಿಯ ಮುಖ ಅಂತ ಇರುವುದೇ ಇಲ್ಲ ಅಂತ ಆತ ಒಂದೇ ಪೊಲೀಸು ಪಾತ್ರದಿಂದ ತೋರಿಸಿದ. ಆ ಒಂದು ಪಾತ್ರವನ್ನು ಕೊಟ್ಟ ನಿರ್ದೇಶಕ ಎಮಿಲಿಯೋ ಫೆರ್ನಾಂದೆಸ್‌ಗೂ ಒಂದು ನಮಸ್ಕಾರ. ಎಲ್ಲರಿಗೂ ಅಂಥ ನಿರ್ದೇಶಕ ಸಿಗುವುದಿಲ್ಲ. ಸಿಗುವ ತನಕ ಕಾಯುವಾಗ ಕೈಗೆ ಬಂದ ಕೇಡಿತನವನ್ನು ಆತ ಅರೆಮನಸ್ಸಿನಿಂದ ಮಾಡಲಿಲ್ಲ, ಅದನ್ನು ಹೇಳಬೇಕಾಗಿತ್ತು.

ಸಾರಾಗೆ ಅಂಥ ನಿರ್ದೇಶಕ ಸಿಕ್ಕಿದ್ದು ಎಪ್ಪತ್ತು ದಾಟಿದ ಮೇಲೆ. ಲೂಯಿಸ್ ಅಲ್ಕೋರಿಸಾ, ಬುನ್ಯುಯೆಲ್‌ಗೆ ಚಿತ್ರಕತೆ ಬರೆದುಕೊಟ್ಟವನು, 1972ರಲ್ಲಿ 'ಮೆಕಾನಿಕಾ ನಾಸಿಯೊನಾಲ್' ತೆಗೆದ. ಕಾರು ರಿಪೇರಿ ಗ್ಯಾರೇಜಿನ ಯಜಮಾನನೊಬ್ಬ ಮೋಟಾರು ರೇಸಿನ ಕೊನೆ ನೋಡಲು ಸಂಸಾರ ಕಟ್ಟಿಕೊಂಡು ಊರ ಹೊರಗೆ ಬರುತ್ತಾನೆ. ಅಲ್ಲಿ ಜಾತ್ರೆ, ಕುಡಿತ, ಕೂಗಾಟ, ಹಾದರ, ಹೊಟ್ಟೆ ಬಿರಿಯುವಷ್ಟು ತಿಂಡಿ. ಜೊತೆಗೆ ಬಂದ ಮುದಿ ತಾಯಿ ದೋನ್ಯಾ ಲೋಲಿತಾ, ಅಂದರೆ ಸಾರಾ, ಕಂಡದ್ದನ್ನೆಲ್ಲ ತಿಂದು, ಬಾಯಿಗೆ ಬಂದ ಬೈಗುಳ ಬೈದು, ಅಲ್ಲೇ ಸತ್ತುಹೋಗುತ್ತಾಳೆ. ಆ ಮಗನೋ, ಒಮ್ಮೆಗೇ ಮಾತೃಭಕ್ತಿ ಉಕ್ಕಿ ಎದೆ ಬಡಿದುಕೊಳ್ಳುತ್ತಾನೆ. ಆದರೆ ಟ್ರಾಫಿಕ್ಕು ಕಟ್ಟಿಕೊಂಡು ಹೆಣವನ್ನು ಮನೆಗೆ ಒಯ್ಯಲೂ ಆಗುವುದಿಲ್ಲ. ಮಗನ ಪಾತ್ರದ ಮಾನೋಲೋ ಫಾಬ್ರೆಗಾಸ್ ಯಾರು ಗೊತ್ತಾ? ಹಿಂದಿನ ತಲೆಮಾರಿನ ಮಹಾ ರಂಗನಟಿ ವಿರ್ಹಿನಿಯಾ ಫಾಬ್ರೆಗಾಸ್‌ಳ ಮೊಮ್ಮಗ.

ದೇಶದ ಅಜ್ಜಿಯ ಬಾಯಲ್ಲಿ ಬೈಗುಳ! ಮೂವತ್ತು ವರ್ಷ ಆಕೆಯ ಮುಂದೆ ಕೈ ಮುಗಿದವರಿಗೆ ಅದು ಹೇಗೆ ಕೇಳಿಸಿರಬೇಕು ಊಹಿಸು. ಬೇರೆ ಯಾವ ನಟಿ ಆ ಪಾತ್ರ ಮಾಡಿದ್ದರೂ ಅದು ಬರೀ ಬಾಯಿಬಡುಕಿ ಮುದುಕಿ. ಆಕೆ ಮಾಡಿದ್ದರಿಂದ ಮಾತ್ರ ಆ ಪೀಠ, ಆ ಮೇ 10, ಕರವಸ್ತ್ರ ಹಿಡಿದ ಗಂಡುಮಕ್ಕಳ ಮಾತೃಭಕ್ತಿ, ಎಲ್ಲ ಒಂದೇ ಏಟಿಗೆ ಬಯಲಿಗೆ ಬಂತು. ತಾನೇ ಕಟ್ಟಿದ್ದನ್ನು ತಾನೇ ಒಡೆಯಲು ಆಕೆಗೆ ಹಕ್ಕಿತ್ತು, ಧೈರ್ಯವೂ ಇತ್ತು. ಒಂದೇ ಅಚ್ಚಿಗೆ ಸಿಕ್ಕಿಬೀಳುತ್ತೇನೆ ಅಂತ ನೀನು ಹೆದರುತ್ತೀಯಲ್ಲ, ಆ ಅಚ್ಚನ್ನು ಚೆನ್ನಾಗಿ ತುಂಬಿದವಳಿಗೆ ಮಾತ್ರ ಅದನ್ನು ಒಡೆದಾಗ ಶಬ್ದ ಬರುತ್ತದೆ. ಹಾಗಂತ ಎಪ್ಪತ್ತಾರರ ತನಕ ಕಾಯಬೇಕಾಗಿದ್ದು ನ್ಯಾಯ ಅಂತ ಹೇಳುತ್ತಿಲ್ಲ. ನೀನು ಅಷ್ಟು ಕಾಯಬೇಡ. ನೀನೇ ಬರೆ, ಇಲ್ಲವೇ ಬರೆಯುವ ಹುಡುಗಿಯರ ಸ್ನೇಹ ಮಾಡಿಕೋ.

ಮುಖದ ವಿಷಯ ಬಂತು ಅಂತ ಒಂದು ವ್ಯವಹಾರದ ಮಾತು. 1973ರಲ್ಲಿ ಲಾ ಅಸ್ತೇಕಾ ಎಂಬ ಚಾಕೊಲೇಟ್ ಕಾರ್ಖಾನೆಯವರು ತಮ್ಮ 'ಅಬುಯೆಲಿತಾ' ಡಬ್ಬಿಯ ಮೇಲೆ ಸಾರಾಳ ಮುಖ ಹಾಕಿದರು. ಬಿಸಿ ಹಾಲಿನಲ್ಲಿ ಕರಗಿಸಿ, ಮರದ ಕಡಗೋಲಿನಿಂದ ನೊರೆ ಬರುವಂತೆ ಕಡೆದು ಕುಡಿಯುವ ದುಂಡು ಚಾಕೊಲೇಟ್ ಬಿಲ್ಲೆ ಅದು. ಮುಂದೆ ಆ ಕಂಪನಿಯನ್ನು ನೆಸ್ಲೆ ಕೊಂಡುಕೊಂಡಿತು, ಮುಖ ಮಾತ್ರ ಉಳಿಯಿತು. ಆಕೆಯ ಒಂದು ಚಿತ್ರವನ್ನೂ ನೋಡದ ಮಕ್ಕಳೂ ಆ ಕನ್ನಡಕ, ಆ ಬಿಳಿ ಕೂದಲು ಗುರುತು ಹಿಡಿಯುತ್ತಾರೆ. ನಿನಗೆ ಒಪ್ಪಂದದ ಕಾಗದ ಕೊಟ್ಟಾಗ ಸಂಬಳದ ಸಾಲಿಗಿಂತ ಮೊದಲು ಹುಡುಕಬೇಕಾದ ಸಾಲು ಯಾವುದು ಅಂದರೆ, ನಿನ್ನ ಮುಖ, ನಿನ್ನ ದನಿ ಯಾರ ಸ್ವತ್ತು, ಎಷ್ಟು ವರ್ಷ, ಎಲ್ಲೆಲ್ಲಿ ಬಳಸಬಹುದು ಅನ್ನುವುದು. ಈಗಂತೂ ಕಂಪ್ಯೂಟರು ನಿನ್ನ ಮುಖ ಇಟ್ಟುಕೊಂಡು ನೀನಿಲ್ಲದೆಯೇ ನಿನ್ನನ್ನು ನಟಿಸುವಂತೆ ಮಾಡುತ್ತದೆ. ಅರ್ಥವಾಗದಿದ್ದರೆ ಸಹಿ ಹಾಕಬೇಡ, ವಕೀಲರಿಗೆ ತೋರಿಸು. ಅಪ್ಪನಿಗೆ ತೋರಿಸಿದರೆ ಪ್ರಯೋಜನವಿಲ್ಲ. ನನ್ನ ತಮ್ಮ ಅವನು, ಓದದೆ ಸಹಿ ಹಾಕುವುದರಲ್ಲಿ ಎತ್ತಿದ ಕೈ.

ಕಡೆಯ ದಿನಗಳಲ್ಲಿ ಆಕೆ ಟೀವಿಗೂ ಬಂದಳು. 'ಮುಂದೋ ದೆ ಹುಗೇತೆ' ಎಂಬ ಮಕ್ಕಳ ಧಾರಾವಾಹಿ, 1974ರಿಂದ 1977ರ ತನಕ ನಡೆದದ್ದು. ಅದರಲ್ಲಿ ಪುಟ್ಟ ಹುಡುಗಿಯೊಬ್ಬಳು ಹೋಗಿ ಕಾಣುವ ಅಜ್ಜಿ. ಎಂಬತ್ತರ ವಯಸ್ಸಿನಲ್ಲಿ, ಮೂಕಿಚಿತ್ರದಿಂದ ಬಂದವಳು, ಈಗಿನ ನಿಮ್ಮ ಸೀರಿಯಲ್‌ನವರ ಹಾಗೆ ದಿನಗಟ್ಟಲೆ ಸ್ಟುಡಿಯೋ ದೀಪದ ಕೆಳಗೆ ಕೂತಳು. ಅದನ್ನು ಕೆಳದರ್ಜೆಯ ಕೆಲಸ ಅಂತ ನೋಡಲಿಲ್ಲ. 1980ರ ನವೆಂಬರಿನಲ್ಲಿ ತೀರಿಕೊಂಡಾಗ ಆಕೆಯ ಲೆಕ್ಕದಲ್ಲಿ 150ರ ಹತ್ತಿರ ಚಿತ್ರಗಳಿದ್ದವು. ಮೆಕ್ಸಿಕೋ ನಗರದ ಸ್ಪ್ಯಾನಿಷ್ ಸ್ಮಶಾನದಲ್ಲಿ ಮಗಳ ಜೊತೆ ಮಣ್ಣು ಮಾಡಿದರು.

ನೀನು ಇಷ್ಟು ಮಾಡು. ಭಾನುವಾರ ಬಾ, 'ಲೋಸ್ ತ್ರೆಸ್ ಗಾರ್ಸಿಯಾ' ನೋಡೋಣ. 'ಮೆಕಾನಿಕಾ ನಾಸಿಯೊನಾಲ್' ಮೊದಲು ನೋಡಬೇಡ. ಪೀಠ ನೋಡದೆ ಅದು ಮುರಿಯುವುದನ್ನು ನೋಡಿದರೆ ಏನೂ ತಿಳಿಯುವುದಿಲ್ಲ. ಮೊದಲ ಸಲ ಕತೆಗಾಗಿ ನೋಡು. ಎರಡನೆಯ ಸಲ ಮಾತು ನಿಲ್ಲಿಸಿ, ಶಬ್ದ ಇಲ್ಲದೆ, ಆಕೆಯ ಕೈಗಳನ್ನು ಮಾತ್ರ ನೋಡು. ಕೋಲು ಯಾವಾಗ ಬಲಗೈಯಿಂದ ಎಡಗೈಗೆ ಹೋಗುತ್ತದೆ, ಚುಟ್ಟ ಯಾವಾಗ ಬಾಯಿಂದ ಹೊರಗೆ ಬರುತ್ತದೆ, ಎದುರಿನವನು ಮಾತಾಡುವಾಗ ಆಕೆ ಏನು ಮಾಡುತ್ತಿರುತ್ತಾಳೆ, ನೋಟ್‌ಬುಕ್ಕಿನಲ್ಲಿ ಬರೆದುಕೋ. ಆ ನಿನ್ನ ಗೆಳತಿಯನ್ನೂ ಕರೆದುಕೊಂಡು ಬಾ, ಊಟ ಇಲ್ಲೇ. ಚಿತ್ರಕತೆಯ ಕಾಗದವನ್ನೂ ತಾ, ಒಪ್ಪಂದದ ಕಾಗದವನ್ನೂ ತಾ.